ದೆವ್ವ ಬರುವ ಹೊತ್ತಿಗೆ

ಆ ಸಿನೆಮಾ ನಾವು ಹನ್ನೊಂದು ಸಲ ನೋಡಿದೆವು.
ಬೈತಖೋಲದ ಐಸ್ ಫ್ಯಾಕ್ಟರಿಯಲ್ಲಿ ಪಾಳಿ ಮುಗಿಸಿ
ಇನಾಸ ನೇರ ಸೆಕೆಂಡ್ ಶೋಗೆ ಬರುತ್ತಿದ್ದ,
ಬೆರಳು ಇನ್ನೂ ಮರಗಟ್ಟಿರುತ್ತಿದ್ದವು,
ಅಂಗಿಗೆ ಬಂಗಡೆಯ ವಾಸನೆ.
ಬಾಲ್ಕನಿಗೆ ದುಡ್ಡಿಲ್ಲ. ಕೆಳಗೆ, ಎಡಗಡೆ,
ಕಂಬದ ಹಿಂದಿನ ಸಾಲು.
ಪರದೆಯ ಕಾಲುಭಾಗ ಕಂಬವೇ ನುಂಗುತ್ತಿದ್ದರಿಂದ
ಅಲ್ಲಿ ಬೇರೆ ಯಾರೂ ಕೂರುತ್ತಿರಲಿಲ್ಲ.

ದೆವ್ವ ಮೊದಲು ಬರುವುದು ಬಾವಿಕಟ್ಟೆಗೆ.
ಹಾಡು ಮುಗಿದು, ನಾಯಿ ಎರಡು ಸಲ ಬೊಗಳಿ,
ಹಗ್ಗ ತನ್ನಷ್ಟಕ್ಕೆ ಇಳಿಯತೊಡಗಿದಾಗ
ನನ್ನ ಕೈ ಅವನ ಕೈಯಲ್ಲಿರುತ್ತಿತ್ತು.
ಹೆದರಿದವರು ಹಿಡಿದುಕೊಳ್ಳುತ್ತಾರೆ, ಅದಕ್ಕೆ ಯಾರ ತಕರಾರು?
ಮುಂದಿನ ಸಾಲಿನ ಖಲಾಸಿಗಳೂ
ಒಬ್ಬರ ಮೈಮೇಲೊಬ್ಬರು ಬಿದ್ದಿರುತ್ತಿದ್ದರು.
ಐದನೇ ಸಲಕ್ಕೆ ಎಲ್ಲ ಬಾಯಿಪಾಠ.
ಆದರೂ ಕಿರುಚಿದೆವು, ಪ್ರಾಮಾಣಿಕವಾಗಿ,
ಕೊಟ್ಟ ದುಡ್ಡಿಗೆ ಮೋಸವಿಲ್ಲದಂತೆ.
ಒಂದೂವರೆ ನಿಮಿಷ.
ಆಮೇಲೆ ಹಾಸ್ಯನಟ ಬರುತ್ತಾನೆ, ಪರದೆ ಬೆಳಗಾಗುತ್ತದೆ,
ಕೈ ಬಿಡಬೇಕಾಗುತ್ತದೆ.

ಇಂಟರ್ವಲ್ ಆದ ಮೇಲೆ ಆ ದೃಶ್ಯ:
ಸತ್ತ ಹೆಂಗಸು ಗಂಡಸಿನ ಮೈಯೊಳಗೆ ಸೇರುತ್ತಾಳೆ.
ಮೀಸೆ ಇದ್ದ ಹಾಗೇ ಇದೆ, ಕೈಗೆ ಬಳೆ.
ಕನ್ನಡಿಯ ಮುಂದೆ ನಿಂತು ಕುಂಕುಮ ಇಟ್ಟುಕೊಳ್ಳುತ್ತಾನೆ, ನಿಧಾನ.
ಥಿಯೇಟರು ಬಿದ್ದು ಬಿದ್ದು ನಗುತ್ತಿತ್ತು.
ಶಿಳ್ಳೆ. ಪರದೆಗೆ ತೂರಿದ ಶೇಂಗಾ ಸಿಪ್ಪೆ.
ಆ ನಟನಿಗೆ ನಗಿಸು ಎಂದೇ ಹೇಳಿದ್ದಿರಬೇಕು.
ಆದರೆ ಹಣೆಗೆ ಬೆರಳು ತಾಗಿದ ಕ್ಷಣ ಅವನು
ಒಂಚೂರು ತಡೆಯುತ್ತಾನೆ.
ಯಾರೂ ಹೇಳಿಕೊಟ್ಟದ್ದಲ್ಲ ಅದು,
ಹನ್ನೊಂದು ಸಲ ನೋಡಿದವನಿಗೆ ಅಷ್ಟು ಗೊತ್ತಾಗುತ್ತದೆ.
ಅಷ್ಟು ದೊಡ್ಡ ಪರದೆಯ ಮೇಲೆ ನನ್ನ ಪೈಕಿಯವರನ್ನು
ಮೊದಲು ಕಂಡದ್ದು ಅಲ್ಲೇ,
ಅದೂ ಸತ್ತ ಮೇಲೆ,
ಅದೂ ಬಾಡಿಗೆಯ ಮೈಯಲ್ಲಿ.

ಕೊನೆಗೆ ಮಂತ್ರವಾದಿ. ಬೇವಿನ ಸೊಪ್ಪು, ಮೆಣಸಿನ ಹೊಗೆ.
ಯಾರು ನೀನು? ಎಲ್ಲಿಂದ ಬಂದೆ? ಏನು ಬೇಕು ನಿನಗೆ?
ಆ ಮುದುಕನ ಮೇಲೆ ನನಗೆ ಎಷ್ಟು ಮರ್ಯಾದೆ!
ಹೊಡೆಯುವ ಮೊದಲು ಕೇಳುತ್ತಿದ್ದನಲ್ಲ.
ನಮ್ಮಣ್ಣ ಕೇಳಿರಲಿಲ್ಲ.
ಅವಳು ಬಾಯಿ ತೆರೆಯುವಷ್ಟರಲ್ಲಿ ಸಂಗೀತ ಜೋರಾಗಿ
ಉತ್ತರ ಹನ್ನೊಂದು ಸಲವೂ ಕೇಳಿಸಲಿಲ್ಲ.
‘ಏನಂದ್ಲು?’ ಇನಾಸ ಕಿವಿಯ ಹತ್ತಿರ ಬರುತ್ತಿದ್ದ.
ನಾನು ಪ್ರತಿ ಸಲ ಬೇರೆ ಏನೋ ಹೇಳುತ್ತಿದ್ದೆ.

ಸೀಸೆಯಲ್ಲಿ ತುಂಬಿ, ಬೂಚು ಬಿಗಿದು,
ಅವಳನ್ನು ಸಮುದ್ರಕ್ಕೆ ಎಸೆಯುತ್ತಿದ್ದರು. ಶುಭಂ.
ಹೊರಗೆ ಬಂದರೆ ಅದೇ ಸಮುದ್ರ.
ನಡುಗಡ್ಡೆಯ ದೀಪ ಈಚೆ ತಿರುಗಿದಾಗ ಒಂದು ಮಾರು ದೂರ,
ಆಚೆ ತಿರುಗಿದಾಗ ಹತ್ತಿರ,
ಹಾಗೇ ಕೋಡಿಬಾಗದವರೆಗೆ ನಡೆಯುತ್ತಿದ್ದೆವು.

ಥಿಯೇಟರು ಈಗ ಟೈಲ್ಸ್ ಅಂಗಡಿ. ಕಂಬ ಉಳಿದಿದೆ,
ಅದಕ್ಕೆ ಬಚ್ಚಲಿನ ನಲ್ಲಿಗಳನ್ನು ತೂಗುಹಾಕಿದ್ದಾರೆ.
ಈಚಿನ ಸಿನೆಮಾಗಳಲ್ಲಿ ನಮ್ಮಂಥವರು
ಕೊನೆಯವರೆಗೂ ಬದುಕಿರುತ್ತಾರೆ, ಕಾಫಿ ಕುಡಿಯುತ್ತಾರೆ,
ದೆವ್ವವನ್ನು ತಾವೇ ಓಡಿಸುತ್ತಾರೆ.
ಒಂದೆರಡು ಫೋನಿನಲ್ಲಿ ನೋಡಿದೆ. ಚೆನ್ನಾಗಿವೆ.
ಪಕ್ಕದಲ್ಲಿ ಯಾರೂ ಕಿರುಚುವುದಿಲ್ಲ, ಅಷ್ಟೆ.

ಮೊನ್ನೆ ಇನಾಸನ ಮನೆಯಲ್ಲಿ ಕರೆಂಟು ಹೋಯಿತು.
ಅವನ ಮಗಳಿಗೆ ಏಳು ವರ್ಷ, ದೆವ್ವದ ಕತೆಯೇ ಬೇಕು.
ಬಾವಿಕಟ್ಟೆಯಿಂದ ಶುರು ಮಾಡಿದೆ.
ನಾಯಿ ಎರಡು ಸಲ ಬೊಗಳಿತು.
ಹಗ್ಗ ಇಳಿಯತೊಡಗಿದಾಗ ಹುಡುಗಿ ನನ್ನ ಎಡಗೈ ಹಿಡಿದಳು.
ಬಲಗೈಯ ಮೇಲೆ ಬಂದದ್ದು ಅವಳ ಬೆರಳಲ್ಲ,
ಇವತ್ತಿಗೂ ತಣ್ಣಗಿರುವ ಬೆರಳು.

ಏನು ಬೇಕು ನಿನಗೆ? ಮಂತ್ರವಾದಿಯ ದನಿಯಲ್ಲಿ ಕೇಳಿ
ನಿಲ್ಲಿಸಿದೆ. ಮುಂದಿನದು ನನಗೂ ಗೊತ್ತಿಲ್ಲವಲ್ಲ.
‘ಅವಳ ಊಟ ಆಗಿತ್ತಾ?’ ಎಂದಳು ಹುಡುಗಿ.

ಮೇಣದಬತ್ತಿ ಹಚ್ಚಿಕೊಂಡು ರೆಜಿನಾ
ಅಡುಗೆಮನೆಯಿಂದ ಹೊರಟದ್ದು ಗೋಡೆಯ ಮೇಲೆ ಕಾಣಿಸಿತು.
ಹೊಸಿಲ ಆಚೆಗೇ ನಿಂತಳು.
ಒಮ್ಮೆ ಕೆಮ್ಮಿದಳು.
ಆಮೇಲೆ ಒಳಗೆ ಬಂದಳು.